ಸ್ಕ್ಯಾನರ್ ಹಚ್ಚಲು ಹೋಗಿ ಇಡೀ ಕಂಪ್ಯೂಟರ್ ಕಳ್ಳರ ಕೈಗೆ ಕೊಟ್ಟೆ

ಧಾರವಾಡದ ಸಪ್ತಾಪುರದಲ್ಲಿ ನನ್ನದೊಂದು ಝೆರಾಕ್ಸ್ ಅಂಗಡಿ ಇದೆ. ಸುತ್ತಲೂ ಕೋಚಿಂಗ್ ಸೆಂಟರು, ಸ್ಟಡಿ ರೂಮು. ಹುಡುಗರ ನೌಕರಿ ಅರ್ಜಿ ತುಂಬಿ ಕೊಡುವುದೇ ನನಗೆ ಜಾಸ್ತಿ ಕೆಲಸ. ಹೋದ ತಿಂಗಳು ಒಂದು ಅರ್ಜಿಯ ಕಡೇ ದಿನವೇ ನನ್ನ ಹಳೇ ಸ್ಕ್ಯಾನರ್ ಕೈಕೊಟ್ಟಿತು. ಮಧ್ಯಾಹ್ನದ ಬಸ್ಸಿಗೆ ಹುಬ್ಬಳ್ಳಿಯಿಂದ ಹೊಸದು ತರಿಸಿ ಹಚ್ಚಿದೆ. ಡ್ರೈವರ್, ಅಂದರೆ ಸ್ಕ್ಯಾನರನ್ನು ಕಂಪ್ಯೂಟರಿಗೆ ಪರಿಚಯಿಸುವ ಸಾಫ್ಟ್‌ವೇರ್, ಕೂರಲೇ ಇಲ್ಲ. 'ನ್ಯೂಡೆವ್ ಡಾಟ್ ಡಿಎಲ್ಎಲ್ ಇಲ್ಲ' ಎಂಬ ಚಿಕ್ಕ ಚೌಕ ಬಂತು, ಓಕೆ ಒತ್ತಿದರೆ ಹೋಯಿತು, ಮತ್ತೆ ಬಂತು. ಡಿಎಲ್ಎಲ್ ಅಂದರೆ ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಫೈಲು.

ಬಾಗಿಲಲ್ಲಿ ಏಳೆಂಟು ಹುಡುಗರು. "ಅಕ್ಕಾರ, ಇವತ್ತ ಕಡೇ ದಿನಾ ಐತ್ರಿ" ಅಂತ ಒಬ್ಬ ಮಾರ್ಕ್ಸ್ ಕಾರ್ಡಿನ ಫೈಲು ಎದೆಗೆ ಒತ್ತಿಕೊಂಡು ನಿಂತಿದ್ದ. ಗಡಿಬಿಡಿಯಲ್ಲಿ ಆ ಫೈಲಿನ ಹೆಸರನ್ನೇ ಹುಡುಕಿದೆ. ಬರೀ ಡಿಎಲ್ಎಲ್ ಫೈಲುಗಳನ್ನೇ ಪುಕ್ಕಟೆ ಕೊಡುವ ಸೈಟೊಂದು ಮೊದಲೇ ಸಿಕ್ಕಿತು. ಇಳಿಸಿಕೊಂಡು, ವಿಂಡೋಸಿನ ಮುಖ್ಯ ಫೈಲುಗಳಿರುವ ಸಿಸ್ಟಮ್32 ಫೋಲ್ಡರಿಗೆ ಹಾಕಿದೆ. ಅನುಮತಿ ಬೇಕು ಅಂತ ವಿಂಡೋಸ್ ಕೇಳಿತು. ಕಂಟಿನ್ಯೂ ಒತ್ತಿದೆ. ನಾನು ಮಾಡಿದ ಮೊದಲ ತಪ್ಪು ಅದು.

ಈಗ ಬೇರೆಯೇ ದೋಷ ಬಂತು. ಫೈಲು ವಿಂಡೋಸಿಗೆ ಹೊಂದುವುದಿಲ್ಲ ಎಂಬ ಮಾತು, ಜೊತೆಗೊಂದು ಉದ್ದ ನಂಬರು, ಕೊನೆಯಲ್ಲಿ 7ಬಿ. ಅದೇ ಸೈಟಿಗೆ ವಾಪಸ್ ಹೋದರೆ 'ಎಲ್ಲ ದೋಷ ಒಂದೇ ಸಲ ಸರಿಪಡಿಸಿ' ಎಂಬ ದೊಡ್ಡ ಹಸಿರು ಬಟನ್. ಒತ್ತಿದರೆ ಇಳಿದದ್ದು ಡ್ರೈವರ್ ಅಪ್‌ಡೇಟ್ ಮಾಡುವ ಸಾಫ್ಟ್‌ವೇರ್. ಇಪ್ಪತ್ತೇಳು ಡ್ರೈವರ್ ಹಳೆಯವು ಅಂತ ಕೆಂಪು ಪಟ್ಟಿ ತೋರಿಸಿತು. ಅದಕ್ಕೂ ಹೂಂ ಅಂದೆ. ಹತ್ತು ನಿಮಿಷದಲ್ಲಿ ನೆಟ್ ಹೋಯಿತು. ಸ್ಕ್ಯಾನರ್ ಅಂತೂ ಹಚ್ಚಲೇ ಇಲ್ಲ. ಹುಡುಗರು ಬೇರೆ ಅಂಗಡಿಗೆ ಓಡಿದರು. ಫೈಲು ಹಿಡಿದಿದ್ದವನ ಅರ್ಜಿ ರಾತ್ರಿ ಹನ್ನೊಂದಕ್ಕೆ ಹೋಯಿತಂತೆ. ಅದನ್ನು ಕೇಳುವವರೆಗೂ ನನಗೆ ಊಟ ಸೇರಲಿಲ್ಲ.

ಮರುದಿನ ಪರಿಚಯದ ರಿಪೇರಿಯವರೊಬ್ಬರು ಬಂದರು. ಅವರು ಮೊದಲು ತೆಗೆದದ್ದು ವಿಂಡೋಸ್ ಫೋಲ್ಡರಿನ ಒಳಗಿನ ಐಎನ್ಎಫ್ ಫೋಲ್ಡರನ್ನು. ಅಲ್ಲಿ 'ಸೆಟಪ್ಎಪಿಐ ಡಾಟ್ ಡೆವ್ ಡಾಟ್ ಲಾಗ್' ಅಂತ ಒಂದು ಫೈಲಿದೆ. ಯಾವ ಸಾಧನ ಹಚ್ಚಿದಿರಿ, ಯಾವ ಡ್ರೈವರ್ ಕೂತಿತು, ಎಷ್ಟು ಗಂಟೆಗೆ, ಯಾವ ಪ್ರೋಗ್ರಾಂ ಕೂರಿಸಿತು ಅಂತ ವಿಂಡೋಸ್ ಅದರಲ್ಲಿ ಬರೆದಿಡುತ್ತದೆ. ಕೆಟ್ಟ ಸಾಲುಗಳ ಮುಂದೆ ಮೂರು ಉದ್ಗಾರ ಚಿಹ್ನೆ ಇರುತ್ತವೆ. ನಿನ್ನೆ ಸಂಜೆಯ ಸಾಲುಗಳಲ್ಲಿ ಆ ಸಾಫ್ಟ್‌ವೇರಿನ ಹೆಸರು ಮೇಲಿಂದ ಮೇಲೆ ಬಂದಿತ್ತು. ನೆಟ್ ಡ್ರೈವರ್ ಬದಲಾದದ್ದೂ ಅಲ್ಲೇ ಇತ್ತು.

"ಅಕ್ಕಾರ, ಈ ಡಿಎಲ್ಎಲ್ ಎಲ್ಲಿಂದ ತಂದ್ರಿ?" ಅಂತ ಕೇಳಿದರು. ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು ಆಮೇಲೆ ಕೂಡಿಸಿಕೊಂಡು ತಿಳಿಸಿದರು. ಹೊಸ ಸಾಧನ ಹಚ್ಚಿದಾಗ ಡ್ರೈವರ್ ಹುಡುಕಿ ಕೂರಿಸುವ ಕೆಲಸದಲ್ಲಿ ನ್ಯೂಡೆವ್, ಸೆಟಪ್ಎಪಿಐ ಎಂಬ ಫೈಲುಗಳ ಪಾಲಿದೆ. ಡ್ರೈವರ್ ಕೂರಿಸಬೇಕಾದರೆ ಅಡ್ಮಿನ್ ಅಧಿಕಾರ, ಅಂದರೆ ಕಂಪ್ಯೂಟರಿನ ಒಳಗಿನದನ್ನು ಬದಲಿಸುವ ಅಧಿಕಾರ ಬೇಕು. ಹಾಗಾಗಿ ಆ ಜಾಗದಲ್ಲಿ ಕಳ್ಳ ಫೈಲು ಕೂತರೆ ಅದಕ್ಕೂ ಅದೇ ಅಧಿಕಾರ ಸಿಗುತ್ತದೆ, ಮನೆಯ ಬೀಗದ ಕೈ ಕೊಟ್ಟ ಹಾಗೆ. ನಾನು ತಂದದ್ದು 32 ಬಿಟ್ ಫೈಲು, ನನ್ನ ವಿಂಡೋಸ್ 64 ಬಿಟ್, ಎರಡೂ ಬೇರೆ ಬೇರೆ ಬಗೆಯವು. ಸಿಸ್ಟಮ್32 ಎಂಬ ಹೆಸರು ನೋಡಿ ಯಾರಾದರೂ ಮೋಸ ಹೋಗುತ್ತಾರೆ. 64 ಬಿಟ್ ವಿಂಡೋಸಿನಲ್ಲಿ ಅಲ್ಲಿರುವುದು 64 ಬಿಟ್ ಫೈಲುಗಳು, 32ರವು ಸಿಸ್‌ವಾವ್64 ಎಂಬ ಫೋಲ್ಡರಿನಲ್ಲಿರುತ್ತವೆ. ಫೈಲು ಹೊಂದಲಿಲ್ಲ, ಅದಕ್ಕೇ ದೋಷ ಬಂತು. ಹೊಂದಿದ್ದರೆ ಸ್ಕ್ಯಾನರ್ ನಡೆಯುತ್ತಿತ್ತು, ಒಳಗೆ ಏನು ಕೂತಿದೆ ಅಂತ ನನಗೆ ಗೊತ್ತೇ ಆಗುತ್ತಿರಲಿಲ್ಲ.

ಅಸಲಿ ಫೈಲು ಹಾಳಾದದ್ದಕ್ಕೆ ಕಾರಣ ನಮ್ಮ ಕರೆಂಟು. ಯುಪಿಎಸ್ ಬ್ಯಾಟರಿ ಸತ್ತು ತಿಂಗಳಾಗಿತ್ತು, ಕರೆಂಟ್ ಹೋದಾಗೆಲ್ಲ ಕಂಪ್ಯೂಟರ್ ಧಡಕ್ಕನೆ ಬಂದ್ ಆಗುತ್ತಿತ್ತು. ಹಾರ್ಡ್ ಡಿಸ್ಕಿನಲ್ಲೂ ಕೆಟ್ಟ ಜಾಗಗಳಿದ್ದವು.

ಇದಕ್ಕೆ ಔಷಧ ವಿಂಡೋಸಿನಲ್ಲೇ ಇತ್ತು ಅಂತ ಗೊತ್ತಾದಾಗ ಭಾಳ ಸಂಕಟವಾಯಿತು. ಇಂಥ ಫೈಲುಗಳ ಪ್ರತಿಯನ್ನು ವಿಂಡೋಸ್ ತನ್ನ ಬಳಿಯೇ ಇಟ್ಟುಕೊಂಡಿರುತ್ತದೆ. ಆಜ್ಞೆ ಬರೆಯುವ ಕಿಟಕಿಯಾದ ಕಮಾಂಡ್ ಪ್ರಾಂಪ್ಟನ್ನು 'ರನ್ ಆಸ್ ಅಡ್ಮಿನಿಸ್ಟ್ರೇಟರ್' ಅಂತ ತೆರೆದು, 'ಎಸ್ಎಫ್‌ಸಿ' ಬರೆದು, ಒಂದು ಸ್ಪೇಸ್ ಬಿಟ್ಟು, ಓರೆ ಗೆರೆ ಹಾಕಿ 'ಸ್ಕ್ಯಾನ್‌ನೌ' (sfc /scannow) ಅಂತ ಹೊಡೆದರೆ ಅದೇ ಹುಡುಕಿ, ಹಾಳಾದದ್ದನ್ನು ತೆಗೆದು ಸರಿಯಾದದ್ದನ್ನು ಇಡುತ್ತದೆ. ಅರ್ಧ ತಾಸಿನ ಕೆಲಸ. ಒಳಗಿನ ಪ್ರತಿಯೂ ಕೆಟ್ಟಿದ್ದರೆ ಡಿಸ್ಮ್ ಎಂಬ ಇನ್ನೊಂದು ಆಜ್ಞೆ ಇದೆ, ಅದು ವಿಂಡೋಸ್ ಅಪ್‌ಡೇಟಿನಿಂದಲೇ ತರಿಸಿಕೊಳ್ಳುತ್ತದೆ. ಅದನ್ನು ಗೊತ್ತಿದ್ದವರ ಕೈಲಿ ಮಾಡಿಸಿ. ಡ್ರೈವರ್ ಬೇಕಾದರೆ ವಿಂಡೋಸ್ ಅಪ್‌ಡೇಟಿನಿಂದ ಇಲ್ಲವೇ ಸ್ಕ್ಯಾನರ್ ಮಾಡಿದ ಕಂಪನಿಯ ಸೈಟಿನಿಂದ ಮಾತ್ರ ತನ್ನಿ. ಹೊಸ ಡ್ರೈವರ್ ಕೂತು ಏನಾದರೂ ಕೆಟ್ಟರೆ ಸಾಧನಗಳ ಪಟ್ಟಿ ತೋರಿಸುವ ಡಿವೈಸ್ ಮ್ಯಾನೇಜರಿನಲ್ಲಿ 'ರೋಲ್ ಬ್ಯಾಕ್ ಡ್ರೈವರ್' ಇದೆ, ಹಳೆಯದಕ್ಕೆ ಮರಳಬಹುದು. ಡಿಎಲ್ಎಲ್ ಫೈಲನ್ನು ಮಾತ್ರ ಬಿಡಿಯಾಗಿ ಯಾವ ಸೈಟಿನಿಂದಲೂ ಇಳಿಸಬೇಡಿ. ಅದು ಎಷ್ಟೇ ಚಂದ ಕಾಣಲಿ, ಕೆಳಗೆ ಎಷ್ಟೇ ಜನ 'ಕೆಲಸ ಆಯಿತು' ಅಂತ ಬರೆದಿರಲಿ.

ನನ್ನ ಕಂಪ್ಯೂಟರಿಗೆ ಇದ್ಯಾವುದೂ ಸಾಕಾಗಲಿಲ್ಲ. ಗೊತ್ತಿಲ್ಲದ ಸಾಫ್ಟ್‌ವೇರಿಗೆ ಅಡ್ಮಿನ್ ಅನುಮತಿ ಕೊಟ್ಟಾಗಿತ್ತಲ್ವಾ, ಹೊಸ ಡಿಸ್ಕ್ ಹಾಕಿ ವಿಂಡೋಸನ್ನೇ ಹೊಸದಾಗಿ ಕೂರಿಸಿದರು. ಅಷ್ಟರಲ್ಲಿ ನನ್ನ ಮೇಲ್‌ಗೆ ಯಾರೋ ಹೊಸ ಜಾಗದಿಂದ ಒಳಗೆ ಬಂದಿದ್ದಾರೆ ಎಂಬ ಸೂಚನೆ ಬಂದಿತ್ತು. ಬ್ರೌಸರಿನಲ್ಲಿ ಪಾಸ್‌ವರ್ಡ್ ಉಳಿಸಿದ್ದು ನಾನೇ. ಫೋನಿನಿಂದ ಎಲ್ಲ ಬದಲಿಸಿದೆ, ಸೈಬರ್ ಸಹಾಯವಾಣಿ 1930ಕ್ಕೂ ಕರೆ ಮಾಡಿದೆ.

ನನ್ನ ನಷ್ಟ ಹೋಗಲಿ. ಡೆಸ್ಕ್‌ಟಾಪಿನ ಒಂದು ಫೋಲ್ಡರಿನಲ್ಲಿ ಮೂವತ್ತೊಂದು ಹುಡುಗ ಹುಡುಗಿಯರ ಆಧಾರ್, ಮಾರ್ಕ್ಸ್ ಕಾರ್ಡ್, ಸಹಿ, ಫೋಟೋ ಇದ್ದವು. ನನ್ನನ್ನು ನಂಬಿ ಕೊಟ್ಟದ್ದು. ಅರ್ಜಿ ಹೋದ ದಿನವೇ ಅವನ್ನು ಅಳಿಸಬೇಕಿತ್ತು, ಅಳಿಸಿರಲಿಲ್ಲ. ಒಬ್ಬೊಬ್ಬರಿಗೂ ಫೋನ್ ಮಾಡಿ ಹೇಳಿದೆ, ಆಧಾರ್ ಬಯೋಮೆಟ್ರಿಕ್ ಲಾಕ್ ಮಾಡಿಕೊಳ್ಳಿ, ಅರ್ಜಿಯ ಪಾಸ್‌ವರ್ಡ್ ಬದಲಿಸಿ ಅಂತ. ಯಾರೂ ಬೈಯಲಿಲ್ಲ. ಇಬ್ಬರ ನಂಬರ್ ಇನ್ನೂ ಹತ್ತಿಲ್ಲ. ಒಬ್ಬಾಕೆ ಹಾವೇರಿ ಕಡೆಯವಳು, ಇನ್ನೊಬ್ಬ ರೂಮ್ ಖಾಲಿ ಮಾಡಿ ಊರಿಗೆ ಹೋಗಿದ್ದಾನೆ. ಹೋದ ತಿಂಗಳು ಸಪ್ತಾಪುರದಲ್ಲಿ ಅರ್ಜಿ ತುಂಬಿಸಿದ್ದು, ನನ್ನಿಂದ ಫೋನ್ ಬಾರದಿದ್ದರೆ, ದಯವಿಟ್ಟು ಅಂಗಡಿಗೆ ಒಮ್ಮೆ ಬಂದು ಹೋಗಿ.