ಹೊಸ ಟಿವಿ ಬಾಕ್ಸು, ಜಾವಾದ ತೊಗಲುಗೊಂಬೆ

ಎರಡು ತಿಂಗಳ ಹಿಂದೆ ದಾವಣಗೆರೆಯ ಮಂಡಿಪೇಟೆ ಕಡೆ ಒಂದು ಅಂಗಡಿಯಲ್ಲಿ 3,200 ರೂಪಾಯಿ ಕೊಟ್ಟು ಟಿವಿ ಬಾಕ್ಸ್ ತಗೊಂಡೆ. ಕಂಪನಿ ಹೆಸರು ಸುಮ್ನೆ ಯಾಕೆ, ಬಿಡಿ. ಯಾವ ದೇಶದ ವಿಡಿಯೋ ಹಾಕಿದರೂ ಕೆಳಗೆ ಕನ್ನಡದಲ್ಲಿ ಅಕ್ಷರ ಬರುತ್ತೆ ಅಂತ ಅಂಗಡಿಯವನು ಬಹಳ ಹೊಗಳಿದ್ದ. ನನಗೆ ಇಂಡೋನೇಷ್ಯಾ ವಿಡಿಯೋಗಳ ಹುಚ್ಚು ಮೊದಲಿಂದಲೂ ಇದೆ, ಹಾಗಾಗಿ ಅವನ್ನೇ ಹಾಕಿ ಪರೀಕ್ಷೆ ಮಾಡಿದೆ.

ಮೊದಲು ಹಾರ್ನ್ ವಿಡಿಯೋ. 2016ರಲ್ಲಿ ಅಲ್ಲಿನ ಹುಡುಗರು ರಸ್ತೆ ಪಕ್ಕ ನಿಂತು, ರಟ್ಟಿನ ಮೇಲೆ ‘ಓಂ ತೆಲೋಲೆತ್ ಓಂ’ ಅಂತ ಬರೆದು ಹಿಡಿದು, ಬಸ್ ಡ್ರೈವರ್‌ಗಳ ಕೈಲಿ ಹಾಡಿನಂಥ ಹಾರ್ನ್ ಹೊಡೆಸುತ್ತಿದ್ದರಲ್ಲ, ಅದು. ಓಂ ಅಂದ ಕೂಡಲೇ ನಮ್ಮಜ್ಜಿ ಕೈ ಮುಗಿದರು. ಕೆಳಗೆ ‘ಅಂಕಲ್’ ಅಂತ ಬಂತು. ಅದೇ ಸರಿ, ಅಲ್ಲಿ ಓಂ ಅಂದರೆ ಅಂಕಲ್ಲೇ. ಇಷ್ಟಕ್ಕೆ ಪೂರ್ತಿ ಮಾರ್ಕ್ಸ್.

ದಂಗ್‌ದುತ್ ಹಾಡಿಗೆ ಬಾಕ್ಸ್ ಸೋತಿತು. ಡೋಲಿನ ಸದ್ದಿನಿಂದಲೇ ಹೆಸರು ಪಡೆದ ಸಂಗೀತ ಅದು, ಹಳೆ ಹಿಂದಿ ಸಿನಿಮಾ ಹಾಡುಗಳ ವಾಸನೆ ಚೆನ್ನಾಗಿ ಹೊಡೆಯುತ್ತದೆ. ರೋಮಾ ಇರಾಮ ಅದರ ರಾಜ. ಆತ ಗಿಟಾರ್ ಹಿಡಿದು ಜೀವ ಬಿಟ್ಟು ಹಾಡುತ್ತಿದ್ದರೆ ಕೆಳಗೆ ‘ಸಂಗೀತ’ ಅಂತ ಒಂದೇ ಪದ!

ನಿಜವಾದ ತಮಾಷೆ ವಾಯಾಂಗ್ ಕೂಲಿತ್ ಹಾಕಿದಾಗ. ಕೂಲಿತ್ ಅಂದರೆ ತೊಗಲು, ಅಂದರೆ ನಮ್ಮ ತೊಗಲುಗೊಂಬೆಯಾಟದ ಥರಾನೇ, ಒಬ್ಬನೇ ದಲಾಂಗ್ ಕೂತು ಎಲ್ಲಾ ಗೊಂಬೆ ಆಡಿಸಿ ಎಲ್ಲರ ಮಾತೂ ತಾನೇ ಆಡುತ್ತಾನೆ, ರಾತ್ರಿ ಒಂಬತ್ತಕ್ಕೆ ಶುರುವಾದರೆ ಬೆಳಗಿನ ಜಾವದವರೆಗೆ ಲೈವ್ ನಡೆಯುತ್ತದೆ. ಅಲ್ಲಿಯ ಒಂಬತ್ತು ನಮಗೆ ಏಳೂವರೆ. ಆಟ ನಡೆಯುವುದು ಅಲ್ಲಿನ ಜಾವಾ ದ್ವೀಪದವರ ಭಾಷೆಯಲ್ಲಿ, ಬಾಕ್ಸ್ ಅದನ್ನು ಇಂಡೋನೇಷ್ಯಾ ಭಾಷೆ ಅಂದುಕೊಂಡು ಕೇಳಿಸಿಕೊಳ್ಳುತ್ತದೆ. ಯುದ್ಧದ ಮಧ್ಯೆ ‘ಮೊಟ್ಟೆ ಬೇಯಿಸಿ’ ಅಂತ ಬಂತು. ಅಕ್ಷರ ಆಫ್ ಮಾಡಿದೆ. ಐದು ನಿಮಿಷ ಆಗಿರಲಿಲ್ಲ, ಅಜ್ಜಿ ಎದ್ದು ಕೂತು, ‘ವೃಕೋದರ ಅಂದನಲ್ಲೋ ಅವನು!’ ಅಂದರು. ಹೌದು, ಭೀಮನಿಗೆ ಅವರು ‘ವೆರ್ಕುದರ’ ಅನ್ನುತ್ತಾರೆ. ಆಮೇಲೆ ಕ್ರೆಸ್ನ, ಘಟೋತ್ಕಚ ಎಲ್ಲರೂ ಬಂದರು, ಮಂಡಕ್ಕಿ ಪೊಟ್ಟಣ ಹಾಗೇ ಉಳಿಯಿತು. ಅಲ್ಲಿ ಶಿಖಂಡಿ ಹೆಣ್ಣು, ಅರ್ಜುನನ ಹೆಂಡತಿ ಅಂತ ನಾನು ಓದಿ ಹೇಳಿದ್ದಕ್ಕೆ ಅಜ್ಜಿಗೆ ಸಿಟ್ಟು ಬಂತು. ದ್ರೌಪದಿಗೆ ಧರ್ಮರಾಯ ಒಬ್ಬನೇ ಗಂಡ ಅಂದಾಗ ಮಾತ್ರ ‘ಅದು ವಾಸಿ ಬಿಡು’ ಅಂದರು.

ಅಂದರೆ ಕನ್ನಡ ಅಕ್ಷರಕ್ಕೋಸ್ಕರ ಈ ಬಾಕ್ಸ್ ತಗೋಬೇಡಿ. ಚಿತ್ರ ಚೆನ್ನಾಗಿದೆ, ಲೈವ್ ನಿಂತು ನಿಂತು ಬರುವುದಿಲ್ಲ. ರಿಮೋಟ್ ಮಾತ್ರ ದಂಡ, ಎರಡು ಸಲ ಒತ್ತಿದರೆ ಒಂದು ಸಲ ಕೇಳುತ್ತದೆ. ಬಿಸಿಯೂ ಜಾಸ್ತಿ. ನಡುರಾತ್ರಿ ಆಟದ ವಿದೂಷಕ ಸೆಮಾರ್ ಮತ್ತವನ ಮಕ್ಕಳು ಬಂದು ನಗಿಸುವ ‘ಗೊರೊ-ಗೊರೊ’ ಭಾಗ ಶುರುವಾಗುವ ಹೊತ್ತಿಗೆ ಸರಿಯಾಗಿ ಆಫ್ ಆಗುತ್ತಿತ್ತು. ಈಗ ಪಕ್ಕದಲ್ಲಿ ಸಣ್ಣ ಫ್ಯಾನ್ ಇಟ್ಟಿದ್ದೇನೆ, ಅದರ 450 ರೂಪಾಯಿನೂ ಸೇರಿಸಿ ಲೆಕ್ಕ ಹಾಕಿಕೊಳ್ಳಿ.