ಆರು ವರ್ಷ ಬಳಸಿದ ಡಾಕ್ಯುಮೆಂಟ್ ಫೈಲ್: ಜಿಪ್ ಗಟ್ಟಿ, ಪಾಕೆಟ್ ಮೋಸ

ಫೈಲಿಗೂ ವಿಮರ್ಶೆ ಬೇಕಾ ಅಂತ ಕೇಳಬೇಡಿ. ಆರು ವರ್ಷದಿಂದ ಕಚೇರಿ ಕಚೇರಿ ಅಲೆಯುವಾಗ ನನ್ನ ಜೊತೆ ಬಂದದ್ದು ಇದೊಂದೇ. ಇಪ್ಪತ್ತು ಪಾಕೆಟ್, ಸುತ್ತ ಜಿಪ್, ಎ4 ಹಾಳೆ ಮಡಚದೆ ಕೂರುತ್ತದೆ. 35×45 ಮಿ.ಮೀ. ಫೋಟೊಗೆ ಪುಟ್ಟ ಜೇಬೂ ಇದೆ. ಅರ್ಜಿಯಲ್ಲಿರುವ ಚೌಕ ಮಾತ್ರ ಯಾವತ್ತೂ ಆ ಅಳತೆಯದ್ದಲ್ಲ, ಜೊತೆಗೊಂದು ಕತ್ತರಿ ಕೊಟ್ಟಿದ್ದರೆ ಚೆನ್ನಾಗಿತ್ತು.

ದೊಡ್ಡ ದೋಷ ಪಾಕೆಟ್‌ಗಳದ್ದು. ಮೆತ್ತನೆ ಪಿವಿಸಿ. ಅದನ್ನು ಮೆತ್ತಗೆ ಮಾಡಲು ಬೆರೆಸುವ ರಾಸಾಯನಿಕ ನಿಧಾನವಾಗಿ ಹೊರಗೆ ಬರುತ್ತದೆ. ಜೆರಾಕ್ಸ್ ಅಕ್ಷರ ಪ್ಲಾಸ್ಟಿಕ್‌ಗೆ ಅಂಟಿಕೊಳ್ಳುತ್ತದೆ, ಶಾಯಿ ಇಲ್ಲದೆ ಬಿಸಿಯಿಂದಲೇ ಅಕ್ಷರ ಮೂಡಿಸುವ ಥರ್ಮಲ್ ರಸೀದಿಯಂತೂ ಮಾಸಿಯೇ ಹೋಗುತ್ತದೆ. ಪಾಲಿಪ್ರೊಪಿಲೀನ್ ಅನ್ನೋ ಬೇರೆ ಪ್ಲಾಸ್ಟಿಕ್‌ನ ಪಾಕೆಟ್‌ನಲ್ಲಿ ಈ ಕಾಟ ಇಲ್ಲ. ನನಗೆ ಗೊತ್ತಾಗಿದ್ದು ಕೌಂಟರ್ ಮುಂದೆ ನಿಂತಾಗ.

ಠೇವಣಿ ವಾಪಸ್ ತಗೊಳ್ಳಲು ಹೋಗಿದ್ದೆ. ಮೂಲ ರಸೀದಿ ಕೇಳಿದರು. ತೆಗೆದು ನೋಡಿದರೆ ಬೆಳ್ಳಗಿದೆ, ಒಂದಕ್ಷರ ಇಲ್ಲ. ಪುಣ್ಯಕ್ಕೆ ಅದರ ಜೆರಾಕ್ಸ್ ಬೇರೆ ಕಡೆ ಇಟ್ಟಿದ್ದೆ, ನಂಬರ್, ತಾರೀಕು, ಮೊತ್ತ ಎಲ್ಲ ಸ್ಪಷ್ಟ. ಅವರ ಕಂಪ್ಯೂಟರ್‌ನಲ್ಲೂ ಅದೇ ಲೆಕ್ಕ ಕಾಣುತ್ತಿತ್ತು.

‘ಎಲ್ಲ ಸರಿ ಇದೆ ಸಾರ್, ಆದ್ರೆ ಒರಿಜಿನಲ್ ಬೇಕು.’

ಬಿಳಿ ಚೀಟಿ ಮುಂದಿಟ್ಟು ಇದೇ ಒರಿಜಿನಲ್ ಅಂದೆ. ಅವರು ಅದನ್ನು ಹಿಂದೆ ಮುಂದೆ ತಿರುಗಿಸಿ, ಟ್ಯೂಬ್‌ಲೈಟಿಗೆ ಹಿಡಿದು ನೋಡಿ, ಒಳಗೆ ಹೋಗಿ ಯಾರನ್ನೋ ಕೇಳಿಕೊಂಡು ಬಂದರು. ‘ಇದರ ಹಿಂದೆ ಒಂದು ಸಹಿ ಹಾಕಿ.’ ಹಿಂದೆ ಯಾವುದು, ಮುಂದೆ ಯಾವುದು ಅಂತ ಇಬ್ಬರಿಗೂ ಗೊತ್ತಿರಲಿಲ್ಲ, ಸುಮ್ನೆ ಒಂದು ಕಡೆ ಹಾಕಿದೆ. ಖಾಲಿ ಚೀಟಿಯನ್ನು ಅರ್ಜಿಗೆ ಪಿನ್ ಹೊಡೆದು, ಜೆರಾಕ್ಸ್ ಮೇಲೆ ಮೊಹರು ಒತ್ತಿದರು: ‘ಮೂಲ ಪ್ರತಿಯೊಂದಿಗೆ ಪರಿಶೀಲಿಸಲಾಗಿದೆ.’

ಅವರ ಮೇಲೆ ನನಗೆ ಸಿಟ್ಟಿಲ್ಲ. ಪಟ್ಟಿಯಲ್ಲಿ ಮೂಲ ರಸೀದಿ ಇರಬೇಕು ಅಂತಿದೆ, ಅದರ ಮೇಲೆ ಅಕ್ಷರ ಇರಬೇಕು ಅಂತ ಎಲ್ಲಿದೆ ಹೇಳಿ? ಹಾಗೆ ನೋಡಿದರೆ ಕಂಪ್ಯೂಟರ್ ನೋಡಿ ದುಡ್ಡು ಕೊಟ್ಟಿದ್ದರೆ ಅವರಿಗೇ ತೊಂದರೆ ಆಗುತ್ತಿತ್ತೇನೋ.

ಜಿಪ್ ಇವತ್ತಿಗೂ ಒಮ್ಮೆಯೂ ಕೈಕೊಟ್ಟಿಲ್ಲ, ಅದಕ್ಕೇ ಐದರಲ್ಲಿ ಮೂರು ಸ್ಟಾರ್. ಅವತ್ತು ಕೊಟ್ಟ ಸ್ವೀಕೃತಿಯೂ ಥರ್ಮಲ್ ಚೀಟಿಯೇ. ಹೊರಗೆ ಬಂದ ತಕ್ಷಣ ಫೋಟೊ ತೆಗೆದು, ಕಾಗದದ ಕವರ್‌ಗೆ ಹಾಕಿ, ಆ ಕವರನ್ನೇ ಫೈಲಿನೊಳಗೆ ಇಟ್ಟೆ.