ಸ್ಟೇಷನ್‌ನಲ್ಲಿ ನಿಂತೇ ಹೋಗಿದ್ದ ನಮ್ಮ ಟಾಟಾ ಏಸ್ ಬಿಡಿಸಿಕೊಟ್ಟ ವಕೀಲರ ಆಫೀಸು

ನಮ್ಮ ತಾಲ್ಲೂಕು ಕೋರ್ಟ್ ಎದುರಿಗೆ ಜೆರಾಕ್ಸ್ ಅಂಗಡಿ ಮೇಲಿರೋ ವಕೀಲರ ಆಫೀಸಿನ ಬಗ್ಗೆ ಬರೀತಿದೀನಿ. ಹೆಸರು ಹಾಕಲ್ಲ, ವಕೀಲರು ಜಾಹೀರಾತು ಮಾಡ್ಕೊಳ್ಳೋ ಹಾಗಿಲ್ವಂತೆ, ಮೇಡಂ ಅವರೇ ಬೇಡ ಅಂದ್ರು. ಆದ್ರೆ ಅವರು ಮಾಡಿಕೊಟ್ಟ ಕೆಲಸ ಗಾಡಿ ಇಟ್ಕೊಂಡು ಬದುಕೋರಿಗೆಲ್ಲ ಗೊತ್ತಾಗ್ಬೇಕು.

ನಮ್ಮ ಡ್ರೈವರ್ ಒಂದು ರಾತ್ರಿ ಬಾಡಿಗೆ ಇದೆ ಅಂತ ಏಸ್ ತಗೊಂಡು ಹೋದ, ತುಂಬಿದ್ದು ಕದ್ದ ಅಡಿಕೆ ಮೂಟೆ. ಅವನಿಗೆ ಗೊತ್ತಿತ್ತೋ ಇಲ್ವೋ ಕೋರ್ಟ್ ನೋಡುತ್ತೆ, ನನ್ನ ಮೇಲಂತೂ ಕೇಸಿಲ್ಲ, ಆದ್ರೂ ಗಾಡಿ ಸೀಜ್. ಸ್ಟೇಷನ್‌ಗೆ ಹೋದ್ರೆ "ಕೇಸ್ ಮುಗೀಲಿ ಮಾರಾಯ, ಆಮೇಲೆ ನೋಡಣ" ಅಂದ್ರು, ನಾನು ಅದನ್ನೇ ನಂಬ್ಕೊಂಡು ಒಂದೂವರೆ ತಿಂಗಳು ಅಲೆದೆ. ಮಲೆನಾಡಿನ ಆಷಾಢದ ಮಳೆ ಗೊತ್ತಲ್ಲ. ಸ್ಟೇಷನ್ ಹಿಂದಿನ ಹುಲ್ಲಲ್ಲಿ ಗಾಡಿ ನಿಂತಿತ್ತು, ಮೇಲೆ ಟಾರ್ಪಾಲ್ ಇಲ್ಲ, ಹಿಂದೆ ನೀರು ನಿಂತು ಅಡಿಕೆ ಸಿಪ್ಪೆ ಕೊಳೀತಿತ್ತು, ಸ್ಟೇರಿಂಗ್ ಮೇಲೆ ಬಿಳೀ ಬೂಷ್ಟು, ಬ್ಯಾಟರಿ ಸತ್ತಿತ್ತು. ಇಎಂಐ ಮಾತ್ರ ತಿಂಗಳು ತಿಂಗಳು ಸರಿಯಾಗಿ ಕಟ್ ಆಗ್ತಿತ್ತು. ನೋಡಿ ಹೊಟ್ಟೆ ಉರೀತು.

ಮೇಡಂ ಮೊದಲು ಕೇಳಿದ್ದೇ ಪಿ.ಎಫ್ ನಂಬರ್ ಏನು ಅಂತ. ಪೊಲೀಸ್ರು ಸೀಜ್ ಮಾಡಿದ ಮಾಲನ್ನ ಕೋರ್ಟಿಗೆ ತಿಳಿಸೋ ಪಟ್ಟಿ ಅದು. ಅದು ಕೋರ್ಟಿಗೆ ಹೋದ ಮೇಲೆ ಸ್ಟೇಷನ್‌ನವರು ಮನಸ್ಸು ಮಾಡಿದ್ರೂ ಗಾಡಿ ಬಿಡೋಕಾಗಲ್ಲ, ಮ್ಯಾಜಿಸ್ಟ್ರೇಟರೇ ಬಿಡ್ಬೇಕು. ಅದಕ್ಕೆ ಕೇಸ್ ಮುಗಿಯೋವರೆಗೆ ಕಾಯೋ ಅಗತ್ಯನೇ ಇಲ್ಲ! ಮೊದಲು ಸಿಆರ್‌ಪಿಸಿ (ಹಳೇ ಕ್ರಿಮಿನಲ್ ಪ್ರಕ್ರಿಯಾ ಕಾನೂನು) 451, 457ನೇ ಸೆಕ್ಷನ್ ಅಂತಿದ್ದಿದ್ದು 2024ರ ಜುಲೈ 1ರಿಂದ ಬಿಎನ್‌ಎಸ್‌ಎಸ್ (ಅದರ ಜಾಗಕ್ಕೆ ಬಂದ ಹೊಸ ಕಾನೂನು) 497, 503 ಆಗಿದೆ, ಅದರಡಿ ಅರ್ಜಿ ಹಾಕಿದ್ರು. ಸುಂದರ್‌ಭಾಯಿ ಅಂಬಾಲಾಲ್ ದೇಸಾಯಿ ಕೇಸಲ್ಲಿ 2002ರಲ್ಲೇ ಸುಪ್ರೀಂ ಕೋರ್ಟ್ ಹೇಳಿಬಿಟ್ಟಿದೆ, ವಾಹನಗಳನ್ನ ಸ್ಟೇಷನ್‌ನಲ್ಲಿ ದಿನಗಟ್ಟಲೆ ನಿಲ್ಲಿಸಿ ಪ್ರಯೋಜನ ಇಲ್ಲ, ಬಾಂಡ್ ಶ್ಯೂರಿಟಿ ತಗೊಂಡು ಬಿಟ್ಟುಬಿಡಿ ಅಂತ. ಇಪ್ಪತ್ತು ವರ್ಷದ ಮೇಲಾಯ್ತು, ಈಗಲೂ ಯಾವ ಸ್ಟೇಷನ್ ಮುಂದೆ ಹೋದ್ರೂ ತುಕ್ಕು ಹಿಡಿದ ಬೈಕುಗಳ ಸಾಲು. ಒಂದೊಂದೂ ಒಬ್ಬೊಬ್ಬರ ದುಡಿಮೆ ರೀ.

ಆರ್‌ಸಿ, ಇನ್ಶೂರೆನ್ಸ್, ಎಫ್‌ಸಿ (ಗಾಡಿ ಫಿಟ್‌ನೆಸ್ ಸರ್ಟಿಫಿಕೇಟು), ಆಧಾರ್ ಎಲ್ಲ ಜೋಡಿಸಿದ್ದು ಆಫೀಸಿನ ಗುಮಾಸ್ತರು. ಸರ್ಕಾರಿ ವಕೀಲರು ತಕರಾರು ಹಾಕಿದ್ರು, ಮತ್ತೆ ಅದೇ ಕೆಲಸಕ್ಕೆ ಬಳಸ್ತಾರೆ ಅಂತ. ಮೇಡಂ ನಾನು ಆರೋಪಿ ಅಲ್ಲ ಅನ್ನೋದನ್ನೇ ಹಿಡಿದು ವಾದ ಮಾಡಿದ್ರು. ಹನ್ನೊಂದನೇ ದಿನಕ್ಕೆ ಆರ್ಡರ್. ಎರಡು ಲಕ್ಷದ ಬಾಂಡು, ಅಷ್ಟಕ್ಕೇ ಒಬ್ಬರ ಶ್ಯೂರಿಟಿ (ನಮ್ಮ ಭಾವ ಪಹಣಿ ಹಿಡ್ಕೊಂಡು ಬಂದು ನಿಂತ್ರು, ಅವರ ಋಣ ದೊಡ್ಡದು), ಮಾರಬಾರದು, ಬಣ್ಣ ಬದಲಾಯಿಸಬಾರದು, ಕರೆದಾಗ ತಂದು ತೋರಿಸ್ಬೇಕು. ಗುಮಾಸ್ತರು ಸ್ಟೇಷನ್‌ವರೆಗೂ ಬಂದು ಚಾಸಿಸ್ ನಂಬರ್ ಮೇಲಿನ ಕೆಸರು ತಮ್ಮ ಕರ್ಚೀಫಲ್ಲೇ ಒರೆಸಿ ಸುಣ್ಣದ ಕಡ್ಡಿ ಉಜ್ಜಿ ಫೋಟೋ ಹೊಡೆಸಿದ್ರು. ಯಾರು ಮಾಡ್ತಾರೆ ಹೇಳಿ ಇಷ್ಟು?

ಫೀಸು ಎಂಟು ಸಾವಿರ, ಮೊದಲೇ ಹೇಳಿದ್ದು ಅಷ್ಟೇ, ಕೊನೆಗೆ ತಗೊಂಡಿದ್ದೂ ಅಷ್ಟೇ. ಬೇಜಾರಾಗಿದ್ದು ಒಂದೇ, ಫೋನ್ ಎತ್ತಲ್ಲ. ಸಂಜೆ ಆರರ ಮೇಲೆ ಆಫೀಸಿಗೇ ಹೋಗಿ ಕೂರ್ಬೇಕು.

ಎಲ್ಲಾ ಗಾಡಿಗೂ ದಾರಿ ಇದೇ ಅಲ್ಲ ಅಂತಾನೂ ಬಿಡಿಸಿ ಹೇಳಿದ್ರು. ಪರ್ಮಿಟ್ಟು, ರಿಜಿಸ್ಟ್ರೇಷನ್ ಇಲ್ದೆ ಮೋಟಾರು ವಾಹನ ಕಾಯ್ದೆ 207ರಲ್ಲಿ ಹಿಡಿದಿದ್ರೆ ದಾಖಲೆ ಸಮೇತ ಆರ್‌ಟಿಓ ಹತ್ರ ಅರ್ಜಿ ಕೊಡ್ಬೇಕಂತೆ. ಮದ್ಯ ಸಾಗಿಸಿ ಸಿಕ್ಕಿದ್ರೆ ಅಬಕಾರಿ ಕಾಯ್ದೆ 43-ಎ, ಕಾಡಿನ ಮರ ಆದ್ರೆ ಅರಣ್ಯ ಕಾಯ್ದೆ 71-ಎ, ಈ ಎರಡರಲ್ಲೂ ಇಲಾಖೆ ಅಧಿಕಾರಿನೇ ಗಾಡಿ ಮುಟ್ಟುಗೋಲು ಹಾಕೋಕೆ ಅಧಿಕಾರ ಇದೆ, ಹಾಗಾಗಿ ನೋಟಿಸ್ ಬಂದ್ರೆ ಸುಮ್ನೆ ಇಟ್ಕೊಂಡು ಕೂರಬೇಡಿ, ಉತ್ತರ ಕೊಡಿ ಅಂದ್ರು. ಗಾಂಜಾ ಕೇಸಲ್ಲಿ ಸಿಕ್ಕಿದ ಗಾಡಿನೂ ಮಧ್ಯಂತರವಾಗಿ ಬಿಡೋಕೆ ಅಡ್ಡಿ ಇಲ್ಲ ಅಂತ 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಅಸ್ಸಾಂನ ಒಂದು ಲಾರಿ ಕೇಸಲ್ಲಿ ಹೇಳಿದೆಯಂತೆ.

ಬ್ಯಾಟರಿ, ಬ್ರೇಕ್ ಎಲ್ಲ ಸೇರಿ ರಿಪೇರಿಗೆ ಹದಿನಾಲ್ಕು ಸಾವಿರ ಆಯ್ತು. ಮೊದಲ ವಾರನೇ ಹೋಗಿದ್ರೆ ಅದು ಉಳೀತಿತ್ತು. ಈಗ ಆರ್ಡರ್ ಕಾಪಿನ ಆರ್‌ಸಿ ಜೊತೆ ಪ್ಲಾಸ್ಟಿಕ್ ಕವರಲ್ಲಿ ಹಾಕಿ ಗಾಡಿಯಲ್ಲೇ ಇಟ್ಟಿದೀನಿ, ಸಾಕ್ಷಿ ವಿಚಾರಣೆಗೆ ಗಾಡಿ ತನ್ನಿ ಅಂದ ದಿನ ಮೇಡಂ ಅವರೇ ಬರ್ತೀನಿ ಅಂದಿದಾರೆ.